ಕಾಣದ ಗೋಡೆಗೆ ಕ್ಯಾಮೆರಾ ಇಡುವುದು: ಮೂಕಾಭಿನಯ ಕಲಾವಿದರ ಬಗ್ಗೆ ಸಾಕ್ಷ್ಯಚಿತ್ರ ಮಾಡುವವರಿಗೆ ಸಮಗ್ರ ಮಾರ್ಗದರ್ಶಿ

ಕಲಾವಿದರು ಗಾಳಿಯಲ್ಲಿ ಅಂಗೈ ಊರುತ್ತಾರೆ. ಮೈ ಎಡಕ್ಕೆ ವಾಲುತ್ತದೆ, ಭುಜ ಹಿಂದಕ್ಕೆ ಹೋಗುತ್ತದೆ, ಪಾದ ಬದಲಾಗುತ್ತದೆ. ಅಂಗೈ ಮಾತ್ರ ಇದ್ದಲ್ಲೇ ಇರುತ್ತದೆ. ಆ ಕದಲದ ಅಂಗೈಯಿಂದಲೇ ಅಲ್ಲೊಂದು ಗೋಡೆ ಹುಟ್ಟುತ್ತದೆ. ಮೈಮ್ (ಮೂಕಾಭಿನಯ) ಕಲಿತವರು ಇದನ್ನು ಸ್ಥಿರಬಿಂದು ಎನ್ನುತ್ತಾರೆ. ಅದೇ ಹೊತ್ತಿಗೆ ಕ್ಯಾಮೆರಾ ಕೈಯಲ್ಲಿ ಹಿಡಿದವರು ಒಂದು ಹೆಜ್ಜೆ ಪಕ್ಕಕ್ಕೆ ಸರಿದರೆ ಚೌಕಟ್ಟಿನೊಳಗೆ ಅಂಗೈಯೂ ಸರಿಯುತ್ತದೆ, ಗೋಡೆ ಬಿದ್ದುಹೋಗುತ್ತದೆ. ಮುಂದೆ ಬರುವ ಬಹುಪಾಲು ಸೂಚನೆಗಳು ಈ ಗೋಡೆಯನ್ನು ಬೀಳಿಸದೆ ಉಳಿಸಿಕೊಳ್ಳುವುದಕ್ಕಾಗಿಯೇ ಇವೆ.

ಇಲ್ಲಿನ ಲೆಕ್ಕವೆಲ್ಲ 20ರಿಂದ 25 ನಿಮಿಷದ ಚಿತ್ರಕ್ಕೆ, ಇಬ್ಬರು ಮೂವರ ತಂಡಕ್ಕೆ, ಒಂದು ಅಥವಾ ಎರಡು ಕ್ಯಾಮೆರಾಕ್ಕೆ. ಜಾಗ ಕಾರವಾರದಿಂದ ಹೊನ್ನಾವರದವರೆಗಿನ ಕರಾವಳಿ ಮತ್ತು ಘಟ್ಟದ ಮೇಲಿನ ಶಿರಸಿ ಸೀಮೆ.

ಮೊದಲ ಮೂರು ದಿನ ಕ್ಯಾಮೆರಾ ಚೀಲದಲ್ಲೇ ಇರಲಿ

ತಾಲೀಮಿಗೆ ಬರಿಗೈಯಲ್ಲಿ ಹೋಗಿ. ಕ್ಯಾಮೆರಾ ಕಂಡೊಡನೆ ಕಲಾವಿದರ ಲಯ ಬದಲಾಗುತ್ತದೆ. ಬಹುತೇಕರು ಅರಿವಿಲ್ಲದೆಯೇ ಬೇಗ ಮುಗಿಸುತ್ತಾರೆ, ಮುಖವನ್ನು ಹೆಚ್ಚು ಆಡಿಸುತ್ತಾರೆ. ಅವರ ನಿಜವಾದ ವೇಗ ಎಷ್ಟೆಂದು ಮೊದಲೇ ಗೊತ್ತಿಲ್ಲದಿದ್ದರೆ ಆಮೇಲೆ ಕೆಟ್ಟಿದ್ದು ಎಲ್ಲಿ ಎಂದು ಹಿಡಿಯಲು ಬರುವುದಿಲ್ಲ. ಮೊದಲ ದಿನ ಪ್ರತಿ ಪ್ರಯೋಗಕ್ಕೂ ಗಡಿಯಾರ ಹಿಡಿದು ಅವಧಿ ಬರೆದುಕೊಳ್ಳಿ. ಎರಡನೆಯ ದಿನ ಅದೇ ಪ್ರಯೋಗವನ್ನು ಪಕ್ಕದಿಂದ ನೋಡಿ, ಮೂರನೆಯ ದಿನ ಹಿಂದಿನಿಂದ. ಹಿಂದಿನಿಂದ ನೋಡುವುದನ್ನು ಯಾರೂ ಮಾಡುವುದಿಲ್ಲ. ಆದರೆ ಬೆನ್ನೇ ಎಷ್ಟೋ ಹೇಳುವ ಕಲಾವಿದರಿದ್ದಾರೆ.

ಈ ಮೂರು ದಿನದಲ್ಲಿ ಕಾಣದ ವಸ್ತುಗಳ ನಕ್ಷೆಯೊಂದು ತಯಾರಾಗಬೇಕು. ಒಂದು ಹಾಳೆಯ ಮೇಲೆ ರಂಗದ ಅಳತೆ ಬರೆದು, ಪ್ರಯೋಗದಲ್ಲಿ ಬರುವ ಬಾಗಿಲು, ಮೇಜು, ಹಗ್ಗ, ಬಾವಿಕಟ್ಟೆ ಎಲ್ಲಿವೆ ಎಂದು ಗುರುತಿಸಿ. ಬಾಗಿಲ ಹಿಡಿ ನೆಲದಿಂದ ಎಷ್ಟು ಎತ್ತರದಲ್ಲಿದೆ ಎಂದು ಕಲಾವಿದರನ್ನೇ ಹಿಡಿದು ನಿಲ್ಲಿಸಿ ಟೇಪಿನಲ್ಲಿ ಅಳೆಯಿರಿ. ಸಾಮಾನ್ಯವಾಗಿ 90 ಸೆಂಟಿಮೀಟರಿನಿಂದ ಒಂದು ಮೀಟರ್ ಬರುತ್ತದೆ. ಎರಡನೆಯ ಟೇಕಿನಲ್ಲಿ ಹಿಡಿ ಒಂದು ಗೇಣು ಕೆಳಗಿಳಿದರೆ ಸಂಕಲನದಲ್ಲಿ ಎರಡೂ ಟೇಕು ಕೂಡಿಬರುವುದಿಲ್ಲ. ನಿಜವಾದ ಬಾಗಿಲಿನ ಮುಂದೆ ಶೂಟಿಂಗ್ ಮಾಡುವಾಗ ಬಾರದ ತೊಂದರೆ ಇದು, ಹಾಗಾಗಿ ಮಾಮೂಲಿ ಸಾಕ್ಷ್ಯಚಿತ್ರ ಮಾಡಿ ಬಂದವರಿಗೆ ನೆನಪಾಗುವುದೇ ಇಲ್ಲ. ನೆಲದ ಮೇಲೆ ಗುರುತಿಗೆ ಬಿಳಿ ಸೀಮೆಸುಣ್ಣ ಬೇಡ, ಚಿತ್ರದಲ್ಲಿ ಎದ್ದು ಕಾಣುತ್ತದೆ. ಕಾವಿ ನೆಲವಾದರೆ ಕೆಂಪು ಟೇಪಿನ ಚೂರು, ಸೆಗಣಿ ಸಾರಿಸಿದ ಅಂಗಳವಾದರೆ ನೆಲಕ್ಕೆ ಒತ್ತಿದ ಒಂದೊಂದು ಅಡಿಕೆ ಸಿಪ್ಪೆ ಸಾಕು.

ಯಾವ ಪರಂಪರೆಯ ಮೈ ಇದು?

ಮೈಮ್ ಎಂದರೆ ಎಲ್ಲವೂ ಒಂದೇ ಅಲ್ಲ. ಚೌಕಟ್ಟು ಹೇಗಿರಬೇಕು ಎಂಬುದು ಕಲಾವಿದರು ಯಾವ ದಾರಿಯಿಂದ ಬಂದವರು ಎಂಬುದರ ಮೇಲೆ ನಿಂತಿದೆ.

ಫ್ರಾನ್ಸಿನ ಎಟಿಯೆನ್ ದೆಕ್ರೂ (1898–1991) ರೂಪಿಸಿದ ದೇಹಕೇಂದ್ರಿತ ಮೈಮ್‌ನಲ್ಲಿ ಮುಂಡವೇ ಮುಖ್ಯ; ಮುಖ ಮತ್ತು ಕೈಗಳದು ಆಮೇಲಿನ ಸ್ಥಾನ. ಎಷ್ಟೋ ಸಲ ಮುಖಕ್ಕೆ ಬಟ್ಟೆ ಮುಚ್ಚಿಯೇ ಕೆಲಸ ಮಾಡಿಸಿದವರು ಅವರು. ಆ ದಾರಿಯ ಕಲಾವಿದರ ಮುಖದ ಕ್ಲೋಸಪ್ ತೆಗೆದರೆ ಸಿಗುವುದು ಖಾಲಿ ಮುಖ, ತಪ್ಪು ನಿಮ್ಮದೇ. ದೆಕ್ರೂ ಅವರಲ್ಲೇ ಕಲಿತ ಮಾರ್ಸೆಲ್ ಮಾರ್ಸೋ (1923–2007) 1947ರಲ್ಲಿ ‘ಬಿಪ್’ ಎಂಬ ಪಾತ್ರ ಕಟ್ಟಿ, ಬಿಳಿ ಮುಖದ ಮೈಮ್ ಅನ್ನು ಜಗತ್ತಿಗೆಲ್ಲ ಪರಿಚಯಿಸಿದರು. ಇಲ್ಲಿ ಮುಖ ಮತ್ತು ಬೆರಳು ಕಥೆ ಹೇಳುತ್ತವೆ, ಸೊಂಟದಿಂದ ಮೇಲಿನ ಚೌಕಟ್ಟೂ ನಡೆಯುತ್ತದೆ. 1956ರಲ್ಲಿ ಪ್ಯಾರಿಸ್ಸಿನಲ್ಲಿ ಶಾಲೆ ತೆರೆದ ಜಾಕ್ ಲೆಕಾಕ್ ಅವರ ದಾರಿಯವರು ತಟಸ್ಥ ಮುಖವಾಡ (ಯಾವ ಭಾವವೂ ಇಲ್ಲದ ಮುಖವಾಡ), ಜಾಗ, ಗುಂಪಿನ ಚಲನೆಗಳಿಂದ ಕಟ್ಟುತ್ತಾರೆ. ಅವರಿಗೆ ಅಗಲವಾದ ಶಾಟ್ ಬೇಕು, ಸುತ್ತ ಖಾಲಿ ಜಾಗ ಬೇಕು.

ನಮ್ಮ ಉತ್ತರ ಕನ್ನಡ ಜಿಲ್ಲೆಯ ಕಲಾವಿದರಲ್ಲಿ ಇದಕ್ಕೆ ಇನ್ನೊಂದು ಪದರ ಸೇರುತ್ತದೆ. 1934ರಲ್ಲಿ ಕೆರೆಮನೆ ಶಿವರಾಮ ಹೆಗಡೆಯವರು ಕಟ್ಟಿದ ಇಡಗುಂಜಿ ಯಕ್ಷಗಾನ ಮೇಳದ ಊರಿದು. ಬಡಗುತಿಟ್ಟಿನ, ಅಂದರೆ ಯಕ್ಷಗಾನದ ಬಡಗು ಶೈಲಿಯ ಆಟ ನೋಡುತ್ತಲೇ ಬೆಳೆದವರ ಮೊಣಕಾಲು ಬೇರೆಯೇ ರೀತಿ ಬಾಗುತ್ತದೆ. ಘಟ್ಟ ದಾಟಿದರೆ ಹೆಗ್ಗೋಡಿನ ನೀನಾಸಂ ಇದೆ, ಅಲ್ಲಿ ರಂಗ ತರಬೇತಿ ಪಡೆದು ಬಂದವರೂ ಸಿಗುತ್ತಾರೆ. ಹಾಗಾಗಿ ಕಲಾವಿದರನ್ನು ಕೂರಿಸಿಕೊಂಡು ‘ನಿಮ್ಮ ಪ್ರಭಾವ ಯಾರದು’ ಎಂದು ಕೇಳುವ ಬದಲು ಒಂದು ನಡಿಗೆ ಮಾಡಿ ತೋರಿಸಿ ಎನ್ನಿ. ಆಹಾರ್ಯ (ವೇಷಭೂಷಣ) ಇಲ್ಲದೆ, ವಾಚಿಕ (ಮಾತು) ಇಲ್ಲದೆ, ಬರಿಯ ಆಂಗಿಕದಲ್ಲಿ (ಮೈಯ ಅಭಿನಯದಲ್ಲಿ) ಅವರ ಮೈ ಎಲ್ಲಿಂದ ಬಂತು ಎಂದು ಹತ್ತು ಹೆಜ್ಜೆಗಳಲ್ಲಿ ಗೊತ್ತಾಗುತ್ತದೆ. ಆ ಹತ್ತು ಹೆಜ್ಜೆ ಚಿತ್ರದಲ್ಲೂ ಇರಲಿ.

ಒಪ್ಪಿಗೆ ಪತ್ರ

ಇದನ್ನು ಸ್ನೇಹದ ಮೇಲೆ ಬಿಡಬೇಡಿ. 1957ರ ಕೃತಿಸ್ವಾಮ್ಯ ಕಾಯ್ದೆಯಲ್ಲಿ ‘ನಾಟಕ ಕೃತಿ’ ಎಂಬುದರ ವ್ಯಾಖ್ಯೆಯೊಳಗೆ ಮೂಕ ಪ್ರದರ್ಶನವೂ ಸೇರಿದೆ, ಬರಹದಲ್ಲೋ ಬೇರೆ ರೀತಿಯಲ್ಲೋ ಅದರ ರೂಪ ದಾಖಲಾಗಿರಬೇಕು ಅಷ್ಟೇ. ಅಂದರೆ ಕಲಾವಿದರು ತಮ್ಮ ಪ್ರಯೋಗವನ್ನು ಚಲನೆಯ ಟಿಪ್ಪಣಿಯಾಗಿ ಬರೆದಿಟ್ಟುಕೊಂಡಿದ್ದರೆ ಅದು ಅವರ ಕೃತಿ, ನೀವು ತೆಗೆದದ್ದು ಆ ಕೃತಿಯ ಚಿತ್ರ. ಇದಲ್ಲದೆ ಪ್ರದರ್ಶಕರ ಹಕ್ಕು ಎಂಬುದು ಪ್ರತ್ಯೇಕವಾಗಿ 50 ವರ್ಷ ಇರುತ್ತದೆ. ಆದರೆ ಚಿತ್ರದಲ್ಲಿ ಸೇರಿಸಿಕೊಳ್ಳಲು ಬರವಣಿಗೆಯಲ್ಲಿ ಒಮ್ಮೆ ಒಪ್ಪಿದ ಮೇಲೆ, ಬೇರೆ ಕರಾರು ಇಲ್ಲದಿದ್ದರೆ, ನಿರ್ಮಾಪಕರು ಅದನ್ನು ಬಳಸುವುದಕ್ಕೆ ಕಲಾವಿದರು ಆಕ್ಷೇಪಿಸುವಂತಿಲ್ಲ; ವಾಣಿಜ್ಯ ಬಳಕೆಗೆ ರಾಯಧನ ಕೇಳುವ ಹಕ್ಕು ಉಳಿಯುತ್ತದೆ. ಕಲಾವಿದರಿಗೆ ಇದು ಗೊತ್ತಿರುವುದು ಅಪರೂಪ. ನೀವೇ ಓದಿ ಹೇಳಿ, ಆಮೇಲೆ ಸಹಿ ಹಾಕಿಸಿ.

ಪತ್ರದಲ್ಲಿ ನಾಲ್ಕು ವಿಷಯ ಸ್ಪಷ್ಟವಾಗಿರಲಿ: ಯಾವ ಯಾವ ಪ್ರಯೋಗಗಳು, ಪೂರ್ತಿಯೋ ತುಣುಕೋ, ಎಲ್ಲೆಲ್ಲಿ ತೋರಿಸುತ್ತೀರಿ, ಬಳಸದೆ ಉಳಿದ ಚಿತ್ರಿಕೆಯನ್ನು ಏನು ಮಾಡುತ್ತೀರಿ. ಉಳಿದ ಚಿತ್ರಿಕೆಯ ಒಂದು ಪ್ರತಿಯನ್ನು ಕಲಾವಿದರಿಗೆ ಕೊಡುವುದು ನಮ್ಮ ದೃಷ್ಟಿಯಲ್ಲಿ ಸಂಭಾವನೆಯಷ್ಟೇ ಮುಖ್ಯ, ಏಕೆಂದರೆ ಅವರ ಕೃತಿಗೆ ಬೇರೆ ದಾಖಲೆ ಇರುವುದಿಲ್ಲ. ಚಂಡೆ ಮದ್ದಳೆಯವರು ಇದ್ದರೆ ಅವರಿಗೂ ಪ್ರತ್ಯೇಕ ಪತ್ರ.

ಯಾವಾಗ, ಎಲ್ಲಿ

ನವೆಂಬರಿನಿಂದ ಫೆಬ್ರವರಿಯವರೆಗೆ ಕರಾವಳಿ ಚೆನ್ನ. ಕಾರವಾರದಲ್ಲಿ ಡಿಸೆಂಬರ್ ಮೊದಲ ವಾರ ಸಂಜೆ 6 ಗಂಟೆಯ ಸುಮಾರಿಗೆ, ಮೇ ಕೊನೆಗೆ 7ರ ಹೊತ್ತಿಗೆ ಸೂರ್ಯ ಕಡಲಿಗಿಳಿಯುತ್ತಾನೆ. ಇಲ್ಲಿ ಸೂರ್ಯ ಮುಳುಗುವುದು ನೀರಿನ ಮೇಲೇ ಆದ್ದರಿಂದ ಸಂಜೆ ದಡದಲ್ಲಿ ನಿಂತವರ ಮುಖ ಕಪ್ಪು, ಹಿನ್ನೆಲೆ ಬೆಂಕಿ. ಸೂರ್ಯಾಸ್ತದ ಮುಂದೆ ನೆರಳು ಚಿತ್ರವಾಗಿ ಮೈಮ್ ತೆಗೆಯುವ ಆಸೆ ಎಲ್ಲರಿಗೂ ಬರುತ್ತದೆ. ಒಂದು ಶಾಟ್ ತೆಗೆದು ಆಸೆ ತೀರಿಸಿಕೊಳ್ಳಿ, ಎರಡನೆಯದು ಬೇಡ. ಕೆಲಸಕ್ಕೆ ಬರುವ ಬೆಳಕು ಬೆಳಗಿನದು: ಘಟ್ಟದ ಕಡೆಯಿಂದ ಸೂರ್ಯ ಮೇಲೇರಿ ಬರುವವರೆಗೆ ಟಾಗೋರ್ ಕಡಲತೀರದಲ್ಲೂ ಮಾಜಾಳಿಯಲ್ಲೂ ಮೆತ್ತನೆಯ, ನೆರಳಿಲ್ಲದ ಬೆಳಕು ಸಿಗುತ್ತದೆ.

ಮರಳಿನ ಮೇಲೆ ಮೈಮ್ ಮಾಡಿಸುವುದಾದರೆ ಇಳಿತದ ಹೊತ್ತು ಆರಿಸಿ. ಒಣ ಮರಳಿನಲ್ಲಿ ಪಾದ ಹೂತು ಸ್ಥಿರಬಿಂದು ಅಲ್ಲಾಡುತ್ತದೆ. ನೀರು ಆಗಷ್ಟೇ ಹಿಂದೆ ಸರಿದ ಒದ್ದೆ ಮರಳು ಸಿಮೆಂಟಿನಷ್ಟು ಗಟ್ಟಿ. ಭರತಿ-ಇಳಿತ ದಿನಕ್ಕೆ ಎರಡು ಸಲ ಬಂದು ಪ್ರತಿದಿನ ಸುಮಾರು 50 ನಿಮಿಷ ತಡವಾಗುತ್ತ ಹೋಗುತ್ತದೆ. ಇವತ್ತು ಬೆಳಿಗ್ಗೆ 6ಕ್ಕೆ ಸಿಕ್ಕ ಗಟ್ಟಿ ಮರಳು ನಾಲ್ಕು ದಿನದ ಮೇಲೆ 9ರ ಬಿಸಿಲಿಗೆ ಹೋಗಿರುತ್ತದೆ. ಅಮಾವಾಸ್ಯೆ, ಹುಣ್ಣಿಮೆಯ ಆಸುಪಾಸಿನಲ್ಲಿ ನೀರು ತುಂಬ ದೂರ ಸರಿಯುತ್ತದೆ, ಹಾಗೇ ತುಂಬ ಮೇಲೂ ಬರುತ್ತದೆ. ಟ್ರೈಪಾಡಿನ ಕಾಲನ್ನು ಗಮನದಲ್ಲಿಟ್ಟುಕೊಳ್ಳಿ. ಚಳಿಗಾಲದ ರಾತ್ರಿ ದಡದ ಮೇಲೆ ದೊಡ್ಡ ಲೈಟು ಹಾಕಬೇಡಿ, ಮೊಟ್ಟೆ ಇಡಲು ಕಡಲಾಮೆ ಬರುವ ಕಾಲ ಅದು.

ಡ್ರೋನ್ ಬಿಟ್ಟುಬಿಡಿ. ಅರ್ಗಾದಲ್ಲಿ ಐಎನ್‌ಎಸ್ ಕದಂಬ ನೌಕಾನೆಲೆ ಇರುವುದರಿಂದ ಕಾರವಾರದ ಸುತ್ತ ಹಾರಿಸುವುದು ಅಪಾಯದ ಕೆಲಸ. ಬೇಕೇ ಬೇಕಾದರೆ ಡ್ರೋನ್ ಎಲ್ಲಿ ಹಾರಿಸಬಹುದೆಂದು ತೋರಿಸುವ ಸರ್ಕಾರದ ಡಿಜಿಟಲ್ ಸ್ಕೈ ನಕ್ಷೆ ನೋಡಿ, ಅನುಮತಿ ಕೈಗೆ ಬಂದ ಮೇಲಷ್ಟೇ. ಮೈಮ್ ಕಲಾವಿದರನ್ನು ಮೇಲಿನಿಂದ ತೋರಿಸಿದರೆ ಕಾಣುವುದು ತಲೆ ಮತ್ತು ಭುಜ ಮಾತ್ರ, ಆದ್ದರಿಂದ ನಷ್ಟವೇನೂ ಇಲ್ಲ. ಯಾಣದ ಬಂಡೆಯ ಕೆಳಗೆ ತೆಗೆಯುವ ಯೋಚನೆಯಿದ್ದರೆ ಅರಣ್ಯ ಇಲಾಖೆಯ ಅನುಮತಿ ಬೇಕು. ಬಂಡೆಯ ಮೇಲೆ ಹೆಜ್ಜೇನು ಕಟ್ಟಿರುತ್ತದೆ, ಹೊಗೆ ಯಂತ್ರ ಅಲ್ಲಿಗೆ ತರಬಾರದು. ಹಳೆಯ ಕೋಟೆ, ಗುಡಿಗಳು ಸಂರಕ್ಷಿತ ಸ್ಮಾರಕವಾಗಿದ್ದರೆ ಟ್ರೈಪಾಡ್ ಇಡುವ ಮುಂಚೆ ಪುರಾತತ್ವ ಇಲಾಖೆಯಲ್ಲಿ ವಿಚಾರಿಸಿ.

ಶಿರಸಿ ಕಡೆಯ ಮನೆಯಂಗಳ ಮೈಮ್‌ಗೆ ಹೇಳಿ ಮಾಡಿಸಿದ ಜಾಗ: ಸಮತಟ್ಟು, ಗಟ್ಟಿ, ಹಿಂದೆ ಹಸಿರು. ಆದರೆ ಅಡಿಕೆ ಕೊಯ್ಲಿನ ತಿಂಗಳುಗಳಲ್ಲಿ ಅಂಗಳ ನಿಮ್ಮದಲ್ಲ, ಅಡಿಕೆಯದು. ಒಂದೋ ಕೊಯ್ಲು ಶುರುವಾಗುವ ಮುಂಚೆ ಹೋಗಿ, ಇಲ್ಲವೆ ಅಡಿಕೆ ಒಣಗಿ ಅಟ್ಟ ಸೇರಿದ ಮೇಲೆ ಕೇಳಿ. ಮಳೆಗಾಲವನ್ನು ಪೂರ್ತಿ ಬಿಡಬೇಡಿ. ಜುಲೈನಲ್ಲಿ ಹೆಂಚಿನ ಮಾಡಿನ ಕೆಳಗಿನ ತಾಲೀಮು, ಮಾಡಿನಂಚಿನಿಂದ ಇಳಿಯುವ ನೀರಿನ ಪರದೆ ಬೇರೆ ಯಾವ ಕಾಲಕ್ಕೂ ಸಿಗುವುದಿಲ್ಲ. ಸಂದರ್ಶನ ಮಾತ್ರ ಆಗ ಇಟ್ಟುಕೊಳ್ಳಬೇಡಿ.

ಚೀಲದಲ್ಲಿ ಏನಿರಬೇಕು

ಕ್ಯಾಮೆರಾ ಯಾವುದಾದರೂ ನಡೆಯುತ್ತದೆ. ಫೋಕಸ್, ಎಕ್ಸ್‌ಪೋಷರ್ (ಒಳಬರುವ ಬೆಳಕಿನ ಪ್ರಮಾಣ), ಬಿಳಿಯ ಸಮತೋಲನ (ವೈಟ್ ಬ್ಯಾಲೆನ್ಸ್) ಮೂರನ್ನೂ ಕೈಯಲ್ಲೇ ಹಿಡಿದಿಡಲು ಬರಬೇಕು, ಅಷ್ಟೇ. ಗಟ್ಟಿಯಾದ ಟ್ರೈಪಾಡಿಗೆ ಕ್ಯಾಮೆರಾದಷ್ಟೇ ದುಡ್ಡು ಹಾಕಿದರೂ ತಪ್ಪಿಲ್ಲ. ಎರಡು ಎಲ್‌ಇಡಿ ಪ್ಯಾನೆಲ್, 3 ಮೀಟರ್ ಅಗಲ 6 ಮೀಟರ್ ಉದ್ದದ ಹೊಳೆಯದ ಕಪ್ಪು ಬಟ್ಟೆ, ಅಳತೆ ಟೇಪು, ಒಂದು ರೆಕಾರ್ಡರ್, ಒಂದು ಶಾಟ್‌ಗನ್ ಮೈಕ್ (ತಿರುಗಿಸಿದ ದಿಕ್ಕಿನ ಸದ್ದನ್ನೇ ಹೆಚ್ಚಾಗಿ ಹಿಡಿಯುವ ಉದ್ದನೆಯ ಮೈಕ್), ಒಂದು ಕಾಲರ್ ಮೈಕ್, ಗಾಳಿಗೆ ರೋಮದ ಹೊದಿಕೆ. 4ಕೆ ಗಾತ್ರದಲ್ಲಿ ಸೆಕೆಂಡಿಗೆ 100 ಮೆಗಾಬಿಟ್‌ನಂತೆ ದಾಖಲಿಸಿದರೆ ಗಂಟೆಗೆ 45 ಜಿಬಿ ಆಗುತ್ತದೆ. ಎರಡು ಹಾರ್ಡ್‌ಡಿಸ್ಕ್ ಬೇಕು, ಎರಡೂ ಒಂದೇ ಚೀಲದಲ್ಲಿ ಪ್ರಯಾಣಿಸಬಾರದು. ಕರಾವಳಿಯ ತೇವಕ್ಕೆ ಲೆನ್ಸಿನೊಳಗೆ ಬೂಷ್ಟು ಹಿಡಿಯುತ್ತದೆ. ಗಾಳಿಯಾಡದ ಡಬ್ಬಿಯಲ್ಲಿ ಸಿಲಿಕಾ ಜೆಲ್ ಜೊತೆ ಇಡಿ, ಜೆಲ್ಲಿನ ಬಣ್ಣ ತಿರುಗಿದಾಗ ಬಿಸಿಮಾಡಿ ಒಣಗಿಸಿ. ಎಸಿ ಕೋಣೆಯಿಂದ ಹೊರಗೆ ತಂದ ಕ್ಯಾಮೆರಾದ ಗಾಜಿಗೆ ಮಂಜು ಕೂರುತ್ತದೆ. ಅರ್ಧ ಗಂಟೆ ಚೀಲದಲ್ಲೇ ಬಿಟ್ಟು ಆಮೇಲೆ ತೆಗೆಯಿರಿ.

ಕ್ಯಾಮೆರಾ ಎಲ್ಲಿ, ಎಷ್ಟು ದೂರ, ಎಷ್ಟು ಎತ್ತರ

ಇದರಲ್ಲಿ ತಪ್ಪಿದರೆ ಉಳಿದದ್ದೆಲ್ಲ ಸರಿಯಿದ್ದೂ ಪ್ರಯೋಜನವಿಲ್ಲ.

ಮೊದಲು ಚೌಕಟ್ಟಿನ ಎತ್ತರ. ಐದೂಮುಕ್ಕಾಲು ಅಡಿ ಎತ್ತರದವರು ಕೈ ಮೇಲೆತ್ತಿದರೆ ಸುಮಾರು 2.2 ಮೀಟರ್ ಆಗುತ್ತದೆ. ಜಿಗಿಯುವುದಕ್ಕೆ ಮೇಲೆ, ನೆಲ ಕಾಣುವುದಕ್ಕೆ ಕೆಳಗೆ ಸ್ವಲ್ಪ ಸೇರಿಸಿದರೆ 2.8ರಿಂದ 3 ಮೀಟರ್ ಎತ್ತರದ ಚೌಕಟ್ಟು ಬೇಕು. ಫುಲ್‌ಫ್ರೇಮ್ ಕ್ಯಾಮೆರಾದಲ್ಲಿ 35 ಎಂಎಂ ಲೆನ್ಸ್ ಹಾಕಿ 5 ಮೀಟರ್ ದೂರ ನಿಂತರೆ 2.9 ಮೀಟರ್ ಎತ್ತರ, 5 ಮೀಟರಿಗಿಂತ ತುಸು ಹೆಚ್ಚು ಅಗಲ ಸಿಗುತ್ತದೆ. 50 ಎಂಎಂ ಆದರೆ 7 ಮೀಟರ್ ಹಿಂದೆ ಹೋಗಬೇಕು. ಮನೆಯ ಜಗುಲಿಯಲ್ಲಿ ಅಷ್ಟು ಜಾಗ ಇರುವುದಿಲ್ಲ, ಅಂಗಳಕ್ಕಿಳಿದು ತೆಗೆಯಿರಿ. ಮೊಬೈಲಿನ ಮುಖ್ಯ ಕ್ಯಾಮೆರಾದಲ್ಲಾದರೆ 4 ಮೀಟರ್ ಸಾಕು, ಆದರೆ ಚೌಕಟ್ಟಿನ ಅಂಚಿಗೆ ಹೋದ ಕೈ ಉದ್ದವಾಗಿ ಎಳೆದಂತೆ ಕಾಣುತ್ತದೆ. ಕಲಾವಿದರನ್ನು ನಡುವಿನ ಮುಕ್ಕಾಲು ಭಾಗದೊಳಗೆ ಇರಿಸಿಕೊಳ್ಳಿ. ಅತಿ ಅಗಲದ ಲೆನ್ಸ್ ಮುಟ್ಟಲೇಬೇಡಿ. ಹತ್ತಿರ ಬಂದ ಕೈ ದೊಡ್ಡದಾಗಿ ತಲೆ ಚಿಕ್ಕದಾದರೆ ಭಾರದ ಲೆಕ್ಕವೇ ತಪ್ಪುತ್ತದೆ.

ಕ್ಯಾಮೆರಾದ ಎತ್ತರ ಕಲಾವಿದರ ಹೊಕ್ಕುಳ ಮತ್ತು ಎದೆಯ ನಡುವೆ, ಅಂದರೆ ನೆಲದಿಂದ ಸುಮಾರು 1.1 ಮೀಟರ್. ನಿಂತವರ ಕಣ್ಣಿನ ಮಟ್ಟದಿಂದ ತೆಗೆದರೆ ಕಾಲು ಗಿಡ್ಡವಾಗುತ್ತದೆ, ನೆಲ ಮೇಲೆದ್ದಂತೆ ಕಾಣುತ್ತದೆ. ಮೈಮ್‌ನಲ್ಲಿ ಭಾರ ಕಾಣುವುದು ಹಿಮ್ಮಡಿಯಲ್ಲಿ. ಪಾದವನ್ನು ಕತ್ತರಿಸಿದ ಚೌಕಟ್ಟಿನಲ್ಲಿ ಕಾಣದ ಪೆಟ್ಟಿಗೆಯನ್ನು ಎಷ್ಟು ಚೆನ್ನಾಗಿ ಎತ್ತಿದರೂ ಅದು ಹಗುರ.

ಅಪರ್ಚರ್ (ಲೆನ್ಸಿನೊಳಗಿನ ಬೆಳಕಿನ ಕಿಂಡಿ) 5.6ರಲ್ಲಿಡಿ. 35 ಎಂಎಂ ಲೆನ್ಸಿನಲ್ಲಿ 5 ಮೀಟರಿಗೆ ಫೋಕಸ್ ಇಟ್ಟರೆ 3 ಮೀಟರಿನಿಂದ ಸುಮಾರು 16 ಮೀಟರಿನವರೆಗೆ ಎಲ್ಲವೂ ಸ್ಪಷ್ಟ. ಆಟೋಫೋಕಸ್ ಆಫ್ ಮಾಡಿ. ಬಿಳಿ ಬಳಿದ ಮುಖವನ್ನು ಕ್ಯಾಮೆರಾ ಎಷ್ಟೋ ಸಲ ಮುಖವೆಂದೇ ಗುರುತಿಸುವುದಿಲ್ಲ, ಮುಂದೆ ಬಂದ ಅಂಗೈಗೆ ಹಾರುತ್ತದೆ. ಹಿನ್ನೆಲೆ ಮಸುಕಾಗಲಿ ಎಂದು 85 ಎಂಎಂ ಲೆನ್ಸಿನಲ್ಲಿ 1.8 ಅಪರ್ಚರಿಗೆ ಹೋಗುವವರಿದ್ದಾರೆ. 3 ಮೀಟರ್ ದೂರದಲ್ಲಿ ಆಗ ಸ್ಪಷ್ಟವಾಗಿರುವುದು 13 ಸೆಂಟಿಮೀಟರಿನಷ್ಟು ಆಳ ಮಾತ್ರ. ಮುಂದೆ ಚಾಚಿದ ಕೈ ಮುಖಕ್ಕಿಂತ 60 ಸೆಂಟಿಮೀಟರ್ ಆಚೆಗಿರುತ್ತದೆ. ಬೆರಳೇ ಮಾತಾಡುವ ಕಲೆಯಲ್ಲಿ ಬೆರಳು ಮಸುಕು!

ಸೆಕೆಂಡಿಗೆ 25 ಫ್ರೇಮ್, ಶಟರ್ 1/50. ನಮ್ಮ ವಿದ್ಯುತ್ 50 ಹರ್ಟ್ಸ್ ಆದ್ದರಿಂದ ಟ್ಯೂಬ್‌ಲೈಟ್, ಅಗ್ಗದ ಎಲ್‌ಇಡಿ ಸೆಕೆಂಡಿಗೆ 100 ಸಲ ಮಿನುಗುತ್ತವೆ. ಕ್ಯಾಮೆರಾವನ್ನು 30 ಫ್ರೇಮ್, 1/60ರಲ್ಲಿ ಬಿಟ್ಟಿದ್ದರೆ ಚಿತ್ರದ ಮೇಲೆ ಪಟ್ಟಿ ಹರಿಯುತ್ತದೆ, ಆಮೇಲೆ ತೆಗೆಯುವುದು ಕಷ್ಟ. 50 ಫ್ರೇಮಿನಲ್ಲಿ ತೆಗೆದು ನಿಧಾನ ಮಾಡಿ ತೋರಿಸುವ ಯೋಚನೆ ಬಂದರೆ ಕೈಬಿಡಿ. ನಿಧಾನವಾಗಿ ಚಲಿಸುವುದನ್ನು ಕಲಾವಿದರು ವರ್ಷಗಟ್ಟಲೆ ಕಲಿತಿರುತ್ತಾರೆ. ಒಂದು ಗುಂಡಿ ಒತ್ತಿ ಅದನ್ನೇ ಮಾಡಿದಿರೆಂದರೆ ನೋಡುವವರಿಗೆ ಯಾವುದು ಮೈಯ ನಿಧಾನ, ಯಾವುದು ಯಂತ್ರದ ನಿಧಾನ ಎಂದು ತಿಳಿಯುವುದಿಲ್ಲ, ಆಮೇಲೆ ನಿಜವಾದ ನಿಧಾನವನ್ನೂ ನಂಬುವುದಿಲ್ಲ.

ಕ್ಯಾಮೆರಾ ಅಲ್ಲಾಡಲೇಬಾರದೇ? ಅಲ್ಲಾಡಬಹುದು, ಸ್ಥಿರಬಿಂದು ಇಲ್ಲದ ಹೊತ್ತಿನಲ್ಲಿ. ಕಲಾವಿದರು ನಡೆಯುವಾಗ, ತಾಲೀಮಿನ ನಡುವೆ ನೀರು ಕುಡಿಯುವಾಗ, ಸಂತೆಗೆ ಹೋಗುವಾಗ ಕೈಯಲ್ಲೇ ಹಿಡಿದು ಹಿಂಬಾಲಿಸಿ. ನೋಡುವವರಿಗೆ ಹೇಳದೆಯೇ ಒಂದು ನಿಯಮ ತಿಳಿದುಬಿಡುತ್ತದೆ: ಕ್ಯಾಮೆರಾ ನಿಂತಿತೆಂದರೆ ಆಟ ಶುರು.

ಎರಡನೆಯ ಕ್ಯಾಮೆರಾ ಇದ್ದರೆ ಮೊದಲನೆಯದರಿಂದ 60ರಿಂದ 90 ಡಿಗ್ರಿ ಪಕ್ಕದಲ್ಲಿಡಿ, ಮಧ್ಯಮ ಅಳತೆಯ ಶಾಟಿಗೆ. ಆದರೆ ಒಂದು ಮಿತಿ ನೆನಪಿರಲಿ. ಎದುರಿನವರಿಗಾಗಿ ಕಟ್ಟಿದ ಗೋಡೆ ಪಕ್ಕದಿಂದ ನೋಡಿದರೆ ಓರೆಯಾಗಿರಬಹುದು. ನಕ್ಷೆ ಮಾಡಿದ ದಿನ ಇದನ್ನು ಪರೀಕ್ಷಿಸಿಕೊಂಡಿರಬೇಕು. ಪೂರ್ತಿ ಅವಧಿಯ ಟೇಕು ದಿನಕ್ಕೆ ಮೂರಕ್ಕಿಂತ ಹೆಚ್ಚು ಕೇಳಬೇಡಿ. ನಾಲ್ಕನೆಯದರಲ್ಲಿ ತೊಡೆ ನಡುಗುವುದು ಕ್ಯಾಮೆರಾಕ್ಕೆ ಕಾಣುತ್ತದೆ.

ಬಿಳಿ ಮುಖ, ಕಪ್ಪು ಬಟ್ಟೆ

ಯಕ್ಷಗಾನದ ಚೌಕಿಮನೆಯಲ್ಲಿ (ಬಣ್ಣದ ಕೋಣೆಯಲ್ಲಿ) ಬಳಸುವ ಸಫೇತವನ್ನೇ (ಬಿಳಿ ಬಣ್ಣದ ಪುಡಿ) ತೆಂಗಿನೆಣ್ಣೆಯಲ್ಲಿ ಕಲಸಿ ಹಚ್ಚಿಕೊಳ್ಳುವವರಿದ್ದಾರೆ, ಅಂಗಡಿಯ ಪ್ಯಾನ್‌ಕೇಕ್ ಹಚ್ಚುವವರೂ ಇದ್ದಾರೆ. ಎಣ್ಣೆಯ ಬಣ್ಣ ದೀಪಕ್ಕೆ ಹೊಳೆಯುತ್ತದೆ. ಹಚ್ಚಿದ ಮೇಲೆ ಪೌಡರ್ ಒತ್ತಿ ಕೂರಿಸಬೇಕು. ಮೇ ತಿಂಗಳ ಸೆಖೆಯಲ್ಲಿ ಮೂಗಿನ ಪಕ್ಕ, ಮೇಲ್ತುಟಿಯ ಮೇಲೆ ಅರ್ಧ ಗಂಟೆಯೊಳಗೆ ಬೆವರು ಒಡೆಯುತ್ತದೆ. ಬಣ್ಣ ಹಚ್ಚುವ ಮುಂಚೆ ಬಟ್ಟೆಯಲ್ಲಿ ಸುತ್ತಿದ ಐಸನ್ನು ಮುಖಕ್ಕೆ ಒತ್ತಿಕೊಂಡರೆ ತುಸು ತಡೆಯುತ್ತದೆ. ಕುತ್ತಿಗೆಗೂ ಕಿವಿಯ ಹಿಂದೆಗೂ ಬಣ್ಣ ಎಲ್ಲಿ ನಿಲ್ಲುತ್ತದೆ ಎಂದು ಫೋಟೊ ತೆಗೆದಿಟ್ಟುಕೊಳ್ಳಿ. ಮರುದಿನ ಗೆರೆ ಬೇರೆ ಕಡೆ ಇದ್ದರೆ ಮುಖದ ಆಕಾರವೇ ಬದಲಾಗಿ ಕಾಣುತ್ತದೆ.

ಎಕ್ಸ್‌ಪೋಷರ್ ಕೆಡುವುದು ಹೀಗೆ: ಕಪ್ಪು ಪರದೆ ಚೌಕಟ್ಟಿನ ಬಹುಭಾಗ ತುಂಬಿರುವುದರಿಂದ ಕ್ಯಾಮೆರಾ ಕತ್ತಲೆಂದು ತಿಳಿದು ಬೆಳಕು ಹೆಚ್ಚಿಸುತ್ತದೆ, ಬಿಳಿ ಮುಖ ಸುಟ್ಟು ಕಣ್ಣು-ಬಾಯಿ ಮಾತ್ರ ಉಳಿದ ಕಾಗದವಾಗುತ್ತದೆ. ಮುಖದ ಮೇಲೆ ಸ್ಪಾಟ್ ಮೀಟರ್ (ಒಂದೇ ಚುಕ್ಕೆಯ ಬೆಳಕು ಅಳೆಯುವ ಸೌಲಭ್ಯ) ಹಿಡಿದರೆ ಇದಕ್ಕೆ ಉಲ್ಟಾ: ಬಿಳಿಯನ್ನು ಬೂದಿಯಾಗಿ ಮಾಡುತ್ತದೆ. ಸ್ಪಾಟ್ ಮೀಟರ್ ತೋರಿಸಿದ್ದಕ್ಕಿಂತ ಒಂದೂವರೆಯಿಂದ ಎರಡು ಸ್ಟಾಪ್ (ಒಂದು ಸ್ಟಾಪ್ ಎಂದರೆ ಬೆಳಕು ಇಮ್ಮಡಿ) ತೆರೆಯಿರಿ. ಜೀಬ್ರಾ ಸೌಲಭ್ಯವಿದ್ದರೆ (ಬೆಳಕು ಹೆಚ್ಚಾದ ಕಡೆ ಪಟ್ಟಿ ತೋರಿಸುವಂಥದ್ದು) 95ಕ್ಕೆ ಇಟ್ಟು, ಹಣೆಯ ಮೇಲೆ ಪಟ್ಟಿ ಬಂದೂ ಬಾರದಂತೆ ನಿಲ್ಲಿಸಿ.

ಪರದೆಯಿಂದ ಕಲಾವಿದರು ಎರಡೂವರೆ ಮೀಟರ್ ಮುಂದಿರಲಿ, ಇಲ್ಲದಿದ್ದರೆ ದೀಪ ಬಟ್ಟೆಯ ಮೇಲೂ ಬಿದ್ದು ಅದರ ಮಡಿಕೆ ಕಾಣುತ್ತದೆ. ಮುಖ್ಯ ದೀಪ ಎದುರಿಗಲ್ಲ, ಪಕ್ಕಕ್ಕೆ 45ರಿಂದ 60 ಡಿಗ್ರಿ, ತಲೆಗಿಂತ ಒಂದು ಅಡಿ ಮೇಲೆ. ಎದುರಿನ ದೀಪ ಮೈಯನ್ನು ಚಪ್ಪಟೆ ಮಾಡುತ್ತದೆ. ಪಕ್ಕದ ದೀಪದಲ್ಲಿ ಪಕ್ಕೆಲುಬು ಉಸಿರಾಡುವುದು ಕಾಣುತ್ತದೆ. ಎರಡನೆಯ ದೀಪ ಹಿಂದಿನಿಂದ ಭುಜದ ಅಂಚಿಗೆ. ಕಪ್ಪು ಉಡುಪು, ಕಪ್ಪು ಪರದೆ ಎರಡೂ ಇದ್ದಾಗ ಈ ಅಂಚಿನ ಬೆಳಕಿಲ್ಲದಿದ್ದರೆ ಗಾಳಿಯಲ್ಲಿ ತೇಲುವ ಒಂದು ತಲೆ, ಎರಡು ಕೈ ಅಷ್ಟೇ ಉಳಿಯುತ್ತವೆ. ಅದೇ ಬೇಕೆಂದರೆ ಸರಿ. ಬೇಡವಾದರೆ ಕಡು ಬೂದು ಉಡುಪು ಕೇಳಿ.

ಸದ್ದು

ಮಾತಿಲ್ಲದ ಚಿತ್ರಕ್ಕೆ ಸದ್ದಿನ ಕೆಲಸ ಕಡಿಮೆ ಎಂದುಕೊಂಡವರು ಇಲ್ಲೇ ಮುಗ್ಗರಿಸುತ್ತಾರೆ. ಉಸಿರು, ಪಾದ ನೆಲಕ್ಕೆ ಒರಸುವ ಸದ್ದು, ಬಟ್ಟೆಯ ಸರಸರ, ಮೊಣಕಾಲು ಮುರಿಯುವ ಲಟಕ್ಕು: ಮೈಮ್‌ನ ವಾಚಿಕ ಇದೇ. ಶಾಟ್‌ಗನ್ ಮೈಕನ್ನು ಚೌಕಟ್ಟಿನ ಕೆಳ ಅಂಚಿನಿಂದ ಪಾದದತ್ತ ತಿರುಗಿಸಿಡಿ. ಕಾಲರ್ ಮೈಕನ್ನು ಎದೆಮೂಳೆಯ ಮೇಲೆ ಕಾಗದದ ಸರ್ಜಿಕಲ್ ಟೇಪಿನಲ್ಲಿ ಅಂಟಿಸಿ. ಅದರ ಟ್ರಾನ್ಸ್‌ಮಿಟರ್ ಬೆವರಿಗೆ ಕೆಡದಂತೆ ಜಿಡ್ಡಿಲ್ಲದ ಕಾಂಡೋಮಿನೊಳಗೆ ಹಾಕುವುದು ವೃತ್ತಿಯವರ ಹಳೆಯ ಉಪಾಯ. 48 ಕಿಲೋಹರ್ಟ್ಸ್, 24 ಬಿಟ್, ಗರಿಷ್ಠ ಮಟ್ಟ ಮೈನಸ್ 12 ಡೆಸಿಬೆಲ್. ಚಂಡೆ ಇದ್ದರೆ ಮೈನಸ್ 20ಕ್ಕೆ ಇಳಿಸಿ. ಮೊದಲ ಪೆಟ್ಟಿಗೇ ಒಡೆದ ಧ್ವನಿಯನ್ನು ಯಾವ ಸಾಫ್ಟ್‌ವೇರೂ ಕೂಡಿಸುವುದಿಲ್ಲ.

ಪ್ರತಿ ಜಾಗದಲ್ಲೂ ಯಾರೂ ಅಲುಗಾಡದೆ ಒಂದು ನಿಮಿಷ ಖಾಲಿ ಸದ್ದು ದಾಖಲಿಸಿ. ಶಿರಸಿಯಲ್ಲಿ ಮಳೆಗೆ ಮುಂಚಿನ ಸಂಜೆ ಜೀರುಂಡೆ ಕೂಗಲು ಶುರುಮಾಡಿತೆಂದರೆ ಅವತ್ತಿನ ಮಾತಿನ ಕೆಲಸ ಮುಗಿಯಿತೆಂದೇ ತಿಳಿಯಿರಿ. ಕರಾವಳಿಯಲ್ಲಿ ಹೆದ್ದಾರಿ 66ರ ಲಾರಿ, ಕೊಂಕಣ ರೈಲು, ಅಲೆಯ ಏಕಸುರ. ಅಲೆಯನ್ನು ಪ್ರತ್ಯೇಕವಾಗಿ ಹತ್ತು ನಿಮಿಷ ತೆಗೆದಿಟ್ಟುಕೊಂಡರೆ ಶಾಟ್‌ಗಳ ನಡುವಿನ ಅಂತರ ಮುಚ್ಚಲು ಬರುತ್ತದೆ. ಕರೆಂಟು ಹೋಗಿ ಇನ್ವರ್ಟರ್ ಮೇಲೆ ನಡೆಸುವಾಗ ಅಗ್ಗದ ಇನ್ವರ್ಟರಿನ ಗುಂಯ್‌ಗುಡುವಿಕೆ ರೆಕಾರ್ಡರಿಗೆ ಸೇರುತ್ತದೆ, ಬ್ಯಾಟರಿಯಲ್ಲೇ ಓಡಿಸಿ.

ಮಾತಾಡಿಸುವ ಬಗೆ

ದಿನವಿಡೀ ಮಾತಿಲ್ಲದೆ ಕೆಲಸ ಮಾಡುವವರನ್ನು ಕುರ್ಚಿಯಲ್ಲಿ ಕೂರಿಸಿ ‘ನಿಮ್ಮ ಕಲೆಯ ಬಗ್ಗೆ ಹೇಳಿ’ ಎಂದರೆ ಸನ್ಮಾನದ ಭಾಷಣ ಸಿಗುತ್ತದೆ. ಕೈಗೆ ಕೆಲಸ ಕೊಡಿ. ಬಣ್ಣ ತೆಗೆಯುವಾಗ, ಮೆಟ್ಟುಗತ್ತಿಯ ಮೇಲೆ ಕೂತು ಅಡಿಕೆ ಸುಲಿಯುವಾಗ ಕೇಳಿ. ಪ್ರಶ್ನೆ ಚಿಕ್ಕದಿರಲಿ, ವಸ್ತುವಿನ ಬಗ್ಗೆ ಇರಲಿ: ‘ಆ ಬಾಗಿಲು ಯಾವ ಮನೇದು ಮಾರಾಯ್ರೆ? ಒಳಗೆ ತೆರೆಯೋದಾ, ಹೊರಗೆ ತೆರೆಯೋದಾ?’ ಉತ್ತರ ಮುಗಿಯಿತು ಅನಿಸಿದ ಮೇಲೆ ಹತ್ತು ಸೆಕೆಂಡ್ ಸುಮ್ಮನಿರಿ. ಒಳ್ಳೆಯದು ಬರುವುದು ಆಗಲೇ, ಮಾತಿನಲ್ಲಿ ಅಲ್ಲದಿದ್ದರೆ ಕೈಯಲ್ಲಿ.

ಧ್ವನಿ ಮಾತ್ರ ಬೇಕಾದ ಒಂದು ಸುತ್ತಿನ ಮಾತುಕತೆಯನ್ನು ಕ್ಯಾಮೆರಾ ಇಲ್ಲದೆ, ಹಾಸಿಗೆ ಕಂಬಳಿಗಳಿರುವ ಕೋಣೆಯಲ್ಲಿ, ಬಾಯಿಂದ ಒಂದು ಗೇಣು ದೂರಕ್ಕೆ ಮೈಕಿಟ್ಟು ದಾಖಲಿಸಿ. ಮನೆಮಾತು ಹವ್ಯಕವೋ ಕೊಂಕಣಿಯೋ ಆಗಿದ್ದರೆ ಅದರಲ್ಲೇ ಮಾತಾಡಲಿ, ಅಡಿಬರಹ ಹಾಕಿದರಾಯಿತು. ಈ ಧ್ವನಿಯನ್ನು ಪ್ರಯೋಗ ನಡೆಯುವಾಗ ಅದರ ಮೇಲೆ ಹೇರಬೇಡಿ.

ಮೈ ಎಲ್ಲಿಂದ ಕಲಿಯಿತು ಎಂಬುದನ್ನು ಊರೇ ತೋರಿಸುತ್ತದೆ. ಹಗ್ಗ ಎಳೆಯುವುದು ಮೈಮ್‌ನ ಮೊದಲ ಪಾಠಗಳಲ್ಲಿ ಒಂದು. ಕಾರವಾರದ ದಡದಲ್ಲಿ ರಂಪಣಿ ಬಲೆ (ದಡದಿಂದ ಗುಂಪಾಗಿ ಎಳೆಯುವ ದೊಡ್ಡ ಮೀನುಬಲೆ) ಎಳೆಯುವವರನ್ನು ನೋಡಿ. ಕೈ ಜಗ್ಗುವುದಿಲ್ಲ, ಹಿಮ್ಮಡಿ ಮರಳಿನಲ್ಲಿ ಊರಿ ಬೆನ್ನು ಹಿಂದಕ್ಕೆ ಒರಗುತ್ತದೆ, ಹಗ್ಗ ತಾನೇ ಬರುತ್ತದೆ. ಅಡಿಕೆ ಗೊನೆ ಕೊಯ್ಯುವ ಕೊನೆಗೌಡ ಮರದಿಂದ ಮರಕ್ಕೆ ದಾಟುವ ಮುನ್ನ ಮರವನ್ನು ತೂಗಿಸಿಕೊಳ್ಳುವ ಕ್ಷಣವೂ ಅಂಥದ್ದೇ. ಎರಡನ್ನೂ ಅದೇ 1.1 ಮೀಟರ್ ಎತ್ತರದಿಂದ, ಅದೇ ಲೆನ್ಸಿನಲ್ಲಿ, ಪಾದ ಕಾಣುವಂತೆ ತೆಗೆಯಿರಿ. ಕೊನೆಗೌಡ ಮೇಲೇರಿದ ಮೇಲೆ ಮಾತ್ರ ಕತ್ತೆತ್ತಲೇಬೇಕಾಗುತ್ತದೆ.

ಸಂಕಲನ

ನಿಜವಾದ ಬಲೆಯ ಹಗ್ಗವನ್ನೂ ಕಾಣದ ಹಗ್ಗವನ್ನೂ ಒಂದರ ಪಕ್ಕ ಒಂದು ಕತ್ತರಿಸಿ ಜೋಡಿಸುವ ಆಸೆ ತಡೆದುಕೊಳ್ಳಿ. ಹಾಗೆ ಮಾಡಿದರೆ ಮೈಮ್ ನಕಲಿನಂತೆ ಕಾಣುತ್ತದೆ. ಬಲೆ ಮೂರನೆಯ ನಿಮಿಷದಲ್ಲಿರಲಿ, ಪ್ರಯೋಗ ಹದಿನೈದರಲ್ಲಿ. ನೋಡುವವರ ಮೈಯೇ ಜೋಡಿಸಿಕೊಳ್ಳುತ್ತದೆ.

ಕೈ ವಸ್ತುವನ್ನು ಮುಟ್ಟುವ ಕ್ಷಣದಲ್ಲಿ ಮೈ ಒಂದು ಸಣ್ಣ ಝಟಕು ಕೊಡುತ್ತದೆ. ವಸ್ತು ಅಲ್ಲಿದೆ ಎಂದು ನಂಬಿಸುವುದು ಅದೇ. ಆ ಝಟಕಿನ ಮೇಲೆ ಕತ್ತರಿ ಹಾಕಬೇಡಿ. ಕತ್ತರಿಸಲೇಬೇಕಾದರೆ ಅದಾಗಿ 10–12 ಫ್ರೇಮ್ ಕಳೆದ ಮೇಲೆ, ಅಥವಾ ಉಸಿರು ಬದಲಾಗುವಲ್ಲಿ. ಒಂದು ವಸ್ತು ಹುಟ್ಟಿ ಮಾಯವಾಗುವವರೆಗೆ ಒಂದೇ ಕ್ಯಾಮೆರಾದಲ್ಲಿ ಉಳಿಯುವುದು ಒಳ್ಳೆಯ ಪದ್ಧತಿ. ಕಾಣದ ಬಾಗಿಲಿಗೆ ಕಿರ್ರೆನ್ನುವ ಸದ್ದು ಸೇರಿಸುವವರೂ ಇದ್ದಾರೆ, ಅವರ ಜೊತೆ ವಾದ ಮಾಡಿ ಉಪಯೋಗವಿಲ್ಲ. ಒಂದು ಪ್ರಯೋಗವಾದರೂ ಕತ್ತರಿಯೇ ಇಲ್ಲದೆ ಪೂರ್ತಿ ಇರಲಿ, ಆರು ನಿಮಿಷವಾದರೆ ಆರು ನಿಮಿಷ.

ಕನ್ನಡ ಅಕ್ಷರ ಹಾಕುವಾಗ ಒತ್ತಕ್ಷರ ಒಡೆಯುತ್ತದೆಯೇ ನೋಡಿ. ಪ್ರೀಮಿಯರ್ ಎಂಬ ಸಂಕಲನ ಸಾಫ್ಟ್‌ವೇರಿನಲ್ಲಾದರೆ ಗ್ರಾಫಿಕ್ಸ್ ಆಯ್ಕೆಗಳಲ್ಲಿ ದಕ್ಷಿಣ ಏಷ್ಯಾದ ಪಠ್ಯ ಎಂಜಿನ್ ಆರಿಸಬೇಕು. ಬೇರೆಡೆ ಕೂಡದಿದ್ದರೆ ಅಕ್ಷರವನ್ನು ಚಿತ್ರವಾಗಿ ಮಾಡಿ ತಂದು ಹಾಕಿ. ಅಡಿಬರಹ ಪಾದದ ಮೇಲೆ ಕೂರದಂತೆ ನೋಡಿಕೊಳ್ಳಿ.

ಒರಟು ಪ್ರತಿ ತಯಾರಾದಾಗ ಕಲಾವಿದರಿಗೆ ಮೊದಲ ಸಲ ಸದ್ದಿಲ್ಲದೆ ತೋರಿಸಿ. ಅವರ ಭುಜ ಎಲ್ಲಿ ಬಿಗಿಯಾಯಿತೆಂದು ಗಮನಿಸಿ, ಆ ಸಮಯವನ್ನು ಬರೆದುಕೊಳ್ಳಿ. ಬಹುತೇಕ ಅಲ್ಲೊಂದು ತಪ್ಪು ಕತ್ತರಿ ಇರುತ್ತದೆ.

ಊರಿನಲ್ಲಿ ತೋರಿಸುವಾಗ

ಸಭಾಭವನದಲ್ಲೋ ಶಾಲೆಯ ಅಂಗಳದಲ್ಲೋ ಪರದೆ ಕಟ್ಟುವವರು ಅದರ ಕೆಳ ಅಂಚನ್ನು ವೇದಿಕೆಗೆ ತಾಗಿಸಿಬಿಡುತ್ತಾರೆ. ಕುರ್ಚಿಯಲ್ಲಿ ಕೂತವರ ತಲೆ ನೆಲದಿಂದ ಸುಮಾರು 1.3 ಮೀಟರ್ ಎತ್ತರಕ್ಕೆ ಬರುತ್ತದೆ. ಮಾತಿನ ಚಿತ್ರವಾದರೆ ಕೆಳಗಿನ ಕಾಲುಭಾಗ ಮುಚ್ಚಿದರೂ ಯಾರಿಗೂ ತಿಳಿಯದು. ಇಲ್ಲಿ ಮುಚ್ಚಿಹೋಗುವುದು ಪಾದ. ಕೆಳ ಅಂಚು ಪ್ರೇಕ್ಷಕರು ಕೂತ ನೆಲದಿಂದ ಒಂದೂವರೆ ಮೀಟರ್ ಮೇಲಿರಲಿ, ಮುಂದಿನ ಎರಡು ಸಾಲಿಗೆ ಕುರ್ಚಿಯ ಬದಲು ಚಾಪೆ ಹಾಸಿ. ಹೊರಗಿನ ಟ್ಯೂಬ್‌ಲೈಟ್ ಆರಿಸಲು ಒಬ್ಬರನ್ನು ಮೊದಲೇ ಗೊತ್ತುಮಾಡಿಡಿ. ಪ್ರೊಜೆಕ್ಟರಿನ ಕಪ್ಪು ಮೊದಲೇ ಬೂದು, ಅದರ ಮೇಲೆ ಹೊರಗಿನ ಬೆಳಕೂ ಬಿದ್ದರೆ ಕಪ್ಪು ಪರದೆಯ ಮುಂದೆ ಕಪ್ಪು ಉಡುಪು ತೊಟ್ಟವರ ಸೊಂಟದಿಂದ ಕೆಳಗೆ ಏನೂ ಕಾಣುವುದಿಲ್ಲ.